ರಾತ್ರಿ ಪಾಳಿಯ ಅಪ್ಪ ಮತ್ತು ಕೈಗಾರಿಕಾ ಕ್ರಾಂತಿಯ ಪಾಠ

ಈ ಸಲದ ಬೋಧನಾಭ್ಯಾಸದಲ್ಲಿ ಕೊಪ್ಪಳ ಸಮೀಪದ ಪ್ರೌಢಶಾಲೆಯೊಂದರಲ್ಲಿ ಒಂಬತ್ತನೇ ತರಗತಿಯ ಕೈಗಾರಿಕಾ ಕ್ರಾಂತಿಯ ಪಾಠ ವೀಕ್ಷಿಸಿದೆ. ಪ್ರಶಿಕ್ಷಣಾರ್ಥಿಯ ತಯಾರಿ ಚೆನ್ನಾಗಿತ್ತು. ಹಾರ್‌ಗ್ರೀವ್ಸ್, ಆರ್ಕ್‌ರೈಟ್, ಜೇಮ್ಸ್ ವ್ಯಾಟ್ ಎಲ್ಲರೂ ಬಣ್ಣದ ಚಾರ್ಟಿನಲ್ಲಿದ್ದರು. ಕಾರ್ಟ್‌ರೈಟ್‌ನ 1785ರ ಮಗ್ಗವನ್ನು ಮಾತ್ರ ‘ವಿದ್ಯುತ್ ಮಗ್ಗ’ ಎಂದು ಬರೆದಿದ್ದರು. ಆಗ ಕಾರ್ಖಾನೆಗೆ ವಿದ್ಯುತ್ತೆಲ್ಲಿತ್ತು? ಯಂತ್ರಮಗ್ಗ ಎಂದರೆ ಸಾಕು. ಅದೇನೂ ದೊಡ್ಡ ತಪ್ಪಲ್ಲ.

ದೊಡ್ಡ ತಪ್ಪು ಆಮೇಲೆ ಆಯಿತು. “ನಿಮ್ಮ ಮನೆಯವರು ಯಾರಾದರೂ ಫ್ಯಾಕ್ಟರಿಗೆ ಹೋಗುತ್ತಾರಾ?” ಎಂದು ಕೇಳಿದಾಗ ಒಬ್ಬ ಹುಡುಗ ಎದ್ದು, “ನಮ್ಮಪ್ಪ ಹೊಕ್ಕಾನ್ರಿ ಮೇಡಂ. ಈ ವಾರ ರಾತ್ರಿ ಪಾಳಿ ಐತ್ರಿ. ಹಗಲೊತ್ತು ಮಲಗಿರ್ತಾನ್ರಿ, ನಾವು ಗದ್ದಲ ಮಾಡಂಗಿಲ್ರಿ” ಎಂದ. “ವೆರಿ ಗುಡ್, ಕೂತ್ಕೋ” ಎಂದು ಅವರು ಮುಂದಿನ ಚಾರ್ಟು ಬಿಚ್ಚಿದರು.

ಇಡೀ ಪಾಠ ಆ ಹುಡುಗನ ಮಾತಿನಲ್ಲಿತ್ತು. ಇಂಗ್ಲೆಂಡಿನ ಇತಿಹಾಸಕಾರ ಇ.ಪಿ. ಥಾಂಪ್ಸನ್ 1967ರ ತಮ್ಮ ಪ್ರಸಿದ್ಧ ಲೇಖನದಲ್ಲಿ ಹುಡುಕಿದ್ದು ಇದನ್ನೇ: ಹಾಲು ಕರೆಯುವುದು, ಕೊಯ್ಲು, ನೇಯ್ಗೆ ಇಂಥ ಕೆಲಸಗಳು ತಾವೇ ಹೊತ್ತು ಗೊತ್ತುಮಾಡುತ್ತಿದ್ದ ಬದುಕಿಗೆ ಕಾರ್ಖಾನೆಯ ಗಡಿಯಾರ ಬಂದಾಗ ಜನ ಏನಾದರು? ಕ್ರೌಲಿ ಎಂಬ ಕಬ್ಬಿಣದ ಕಾರ್ಖಾನೆಯ ಹಳೆಯ ನಿಯಮಪುಸ್ತಕವನ್ನು ಅವರು ಓದಿದರು. ಯಾರೂ ಮುಳ್ಳು ತಿರುಗಿಸದಂತೆ ಗಡಿಯಾರಕ್ಕೆ ಬೀಗ ಹಾಕಬೇಕೆಂದು ಅದರಲ್ಲಿತ್ತು. ಗಿಣಿಗೇರಾ ಸುತ್ತಲಿನ ಉಕ್ಕು, ಕಬ್ಬಿಣದ ಕಾರ್ಖಾನೆಗಳಿಗೆ ಪಾಳಿ ಹೋಗುವವರ ಮಕ್ಕಳಿಗೆ ಇದನ್ನು ಹೇಳಿ ನೋಡಿ, ಚಾರ್ಟೇ ಬೇಡ.

ಹಾಗೆಂದು ಮ್ಯಾಂಚೆಸ್ಟರನ್ನು ತಂದು ಇಲ್ಲಿ ಅಂಟಿಸಲಾಗದು. ಗಂಗಾವತಿಯಲ್ಲಿ ಗಿರಣಿ ಬಂದದ್ದು ಕಾಲುವೆಯ ಹಿಂದೆ. 1953ರಲ್ಲಿ ತುಂಗಭದ್ರೆಯ ನೀರು ಹರಿಯಿತು, ಭತ್ತ ಬೆಳೆಯಿತು, ಅಕ್ಕಿ ಗಿರಣಿಗಳು ಎದ್ದವು. ಹೆಂಗಸರ ಕೈಯ ಒನಕೆ ಮೂಲೆ ಸೇರಿತು. ಆ ದುಡಿಮೆ ಹೋದದ್ದು ಅವರಿಗೆ ಬಿಡುಗಡೆಯೋ, ಕೂಲಿಯ ನಷ್ಟವೋ? ಅಜ್ಜಿಯರನ್ನೇ ಕೇಳಿಕೊಂಡು ಬರಲಿ, ಉತ್ತರ ಒಂದೇ ಇರಲಾರದು. ಕಿನ್ನಾಳದ ಚಿತ್ರಗಾರರ ಮನೆಯಲ್ಲಿ ಮರದ ಗೊಂಬೆಯ ಕೆಲಸ ಇಂದಿಗೂ ಮನೆಯ ಕೆಲಸವೇ. ಕುಷ್ಟಗಿ, ಯಲಬುರ್ಗಾದ ಎರಿ ಹೊಲದವರು ಮಳೆ ಕೈಕೊಟ್ಟರೆ ಗುಳೆ ಹೋಗುತ್ತಾರೆ. ಅವರ ಮಕ್ಕಳಿಗೆ ಕೈಗಾರಿಕೆ ಎಂದರೆ ದೂರದ ಊರು.

ಪರೀಕ್ಷೆಗೆ ಬರುವುದು ಸಂಶೋಧಕರ ಹೆಸರೇ ಅಲ್ಲವೇ ಎಂದು ಪ್ರಶಿಕ್ಷಣಾರ್ಥಿಗಳು ಕೇಳುತ್ತಾರೆ. ನ್ಯಾಯವಾದ ಮಾತು. ಹೆಸರುಗಳಿಗೆ ಅರ್ಧ ಪಿರಿಯಡ್ ಇರಲಿ, ಉಳಿದರ್ಧ ಈ ಪ್ರಶ್ನೆಗಳಿಗೆ ಸಿಗಲಿ.

ಆದರೆ ತಪ್ಪು ಅವರದ್ದಷ್ಟೇ ಅಲ್ಲ. ನಮ್ಮ ವೀಕ್ಷಣಾ ಹಾಳೆಯಲ್ಲಿ ಕಪ್ಪುಹಲಗೆಗೆ, ಬೋಧನೋಪಕರಣಕ್ಕೆ, ಧ್ವನಿಯ ಏರಿಳಿತಕ್ಕೆ ಅಂಕಗಳಿವೆ. ಮಗುವಿನ ಉತ್ತರದಿಂದ ಮುಂದಿನ ಪ್ರಶ್ನೆ ಹುಟ್ಟಿತೇ ಎಂಬುದಕ್ಕೆ ಒಂದು ಸಾಲೂ ಇಲ್ಲ. ಆ ದಿನ ನಾನೂ ಚಾರ್ಟಿನ ಎದುರು ‘ಉತ್ತಮ’ ಎಂದು ಬರೆದು ಸಹಿ ಹಾಕಿ ಬಂದೆ. ಮುಂದಿನ ಬ್ಯಾಚ್ ಶಾಲೆಗಳಿಗೆ ಹೋಗುವುದರೊಳಗೆ ಆ ಸಾಲನ್ನು ಹಾಳೆಗೆ ಸೇರಿಸೋಣವೆಂದು ಸಹೋದ್ಯೋಗಿಗಳಲ್ಲಿ ಕೇಳುತ್ತಿದ್ದೇನೆ.