ಫೆಯಾನೋರನ ಥಕಾರ

ಪಂಡಿತರ ಕಲಹಗಳಲ್ಲಿ ಬಹುಪಾಲು ಅವರ ಕಾಲಕ್ಕೇ ಮುಗಿದುಹೋಗತಕ್ಕವು. ಈ ತಿಂಗಳು ವಾಚಕರ ಮುಂದೆ ಇಡುತ್ತಿರುವ ಕಲಹವಾದರೋ ಭೂಮಿಯ ಮೇಲೆ ಎಂದೂ ನಡೆದುದಲ್ಲ; ಅಷ್ಟೂ ಒಬ್ಬ ಅಧ್ಯಾಪಕರ ಕಲ್ಪನೆ. ಆಕ್ಸ್‌ಫರ್ಡಿನಲ್ಲಿ 1925 ರಿಂದ 1959 ರ ವರೆಗೆ ಪ್ರಾಧ್ಯಾಪಕರಾಗಿದ್ದ ಜೆ. ಆರ್. ಆರ್. ಟೋಲ್ಕೀನರು (1892–1973) ಹಳೆಯ ಇಂಗ್ಲಿಷಿನ ದೊಡ್ಡ ವಿದ್ವಾಂಸರು. ಅವರು ಮೊದಲು ಭಾಷೆಗಳನ್ನು ಕಲ್ಪಿಸಿ, ಆ ಭಾಷೆಗಳನ್ನು ಆಡುವುದಕ್ಕೆ ಜನರನ್ನೂ, ಆ ಜನರಿಗೆ ಇತಿಹಾಸವನ್ನೂ ಕಲ್ಪಿಸಿಕೊಟ್ಟರು. 1954–55 ರಲ್ಲಿ ಹೊರಬಂದ ‘ದಿ ಲಾರ್ಡ್ ಆಫ್ ದಿ ರಿಂಗ್ಸ್’ ಎಂಬ ಕಥೆಯಿಂದ ಆ ಲೋಕವು ಪ್ರಸಿದ್ಧವಾಯಿತು. ಅದರ ಪೂರ್ವೇತಿಹಾಸವಾದ ‘ಸಿಲ್ಮರಿಲಿಯನ್’ 1977 ರಲ್ಲಿ, ಗ್ರಂಥಕರ್ತರು ತೀರಿಕೊಂಡ ಬಳಿಕ, ಅವರ ಮಗ ಕ್ರಿಸ್ಟಫರರ ಸಂಪಾದಕತ್ವದಲ್ಲಿ ಪ್ರಕಟವಾಯಿತು. ನಮ್ಮ ಪಂಡಿತನಾದ ಫೆಯಾನೋರನು ಈ ಪೂರ್ವೇತಿಹಾಸಕ್ಕೆ ಸೇರಿದವನು.

ಮುಪ್ಪನ್ನೂ ರೋಗವನ್ನೂ ಅರಿಯದ ಎಲ್ಫರೆಂಬ ಜನರಲ್ಲಿ ನೋಲ್ಡೋರ್ ಎಂಬುದು ಒಂದು ಕುಲ. ಅದರ ಅರಸನಾದ ಫಿನ್ವೆಗೆ ಈತನು ಹಿರಿಯ ಮಗನು. ರತ್ನಶಿಲ್ಪದಲ್ಲಿ ಈತನಿಗೆ ಸಮಾನರಿರಲಿಲ್ಲ. ಆದರೆ ನಮಗೆ ಇಲ್ಲಿ ಮುಖ್ಯವಾದುದು ಆತನ ಅಕ್ಷರವಿದ್ಯೆ. ರೂಮಿಲನೆಂಬ ಪೂರ್ವಿಕನು ಕಂಡುಹಿಡಿದಿದ್ದ ಬರವಣಿಗೆಯನ್ನು ಬದಿಗಿಟ್ಟು ಫೆಯಾನೋರನು ‘ತೆಂಗ್ವಾರ್’ ಎಂಬ ಹೊಸ ಲಿಪಿಯನ್ನು ರಚಿಸಿದನು. ಇದರ ಸೊಗಸನ್ನು ವರ್ಗಾಕ್ಷರಗಳನ್ನು ಬಾಯಿಪಾಠ ಮಾಡಿದ ನಮ್ಮವರು ಬೇಗನೆ ಗ್ರಹಿಸಬಲ್ಲರು. ಅದರಲ್ಲಿ ಮೂಲಾಕ್ಷರಗಳು 24. ಧ್ವನಿಯು ಬಾಯಿಯಲ್ಲಿ ಹುಟ್ಟುವ ಸ್ಥಾನವನ್ನನುಸರಿಸಿ 4 ವರ್ಗಗಳು, ಹುಟ್ಟುವ ರೀತಿಯನ್ನನುಸರಿಸಿ 6 ದರ್ಜೆಗಳು. ಪ್ರತಿಯೊಂದು ಅಕ್ಷರಕ್ಕೂ ಒಂದು ದಂಡ, ಒಂದು ಬಿಲ್ಲು. ಬಿಲ್ಲನ್ನು ಇಮ್ಮಡಿಸಿದರೆ ತಕಾರವು ದಕಾರವಾಗುತ್ತದೆ, ಪಕಾರವು ಬಕಾರವಾಗುತ್ತದೆ. ನಮ್ಮ ವರ್ಣಮಾಲೆಯ ಕ್ರಮದಲ್ಲಿ ಶಾಸ್ತ್ರವಿದೆ, ಆದರೆ ಕ ಮತ್ತು ಗ ಎಂಬ ಅಕ್ಷರಗಳ ಆಕಾರದಲ್ಲಿ ಬಂಧುತ್ವವು ಕಾಣದು. ಆತನ ಲಿಪಿಯಲ್ಲಿ ಆಕಾರವೇ ಶಾಸ್ತ್ರವನ್ನು ಹೇಳುತ್ತದೆ. ಮಕ್ಕಳಿಗೆ ಕಲಿಸುವುದು ಎಷ್ಟು ಸುಲಭವಾಗಿದ್ದಿರಬೇಕು!

ಇನ್ನು ಕಲಹದ ವಿಷಯ. ಫೆಯಾನೋರನ ತಾಯಿಯಾದ ಮೀರಿಯೆಲಳು ಕಸೂತಿಯಲ್ಲಿಯೂ ನೆಯ್ಗೆಯಲ್ಲಿಯೂ ಅಸಮಾನಳಾಗಿದ್ದುದರಿಂದ ಆಕೆಗೆ ‘ಥೆರಿಂದೆ’ ಎಂದು ಹೆಸರು. ಇಲ್ಲಿಯ ಥಕಾರವು ನಮ್ಮ ಥಕಾರವಲ್ಲ. ನಾಲಗೆಯ ತುದಿಯನ್ನು ಹಲ್ಲಿಗೆ ಸೋಕಿಸಿ ಉಸಿರನ್ನು ಹೊರಡಿಸುವ, ಇಂಗ್ಲಿಷಿನ ‘ಥಿನ್’ ಎಂಬ ಶಬ್ದದ ಮೊದಲ ಧ್ವನಿ. ಮಗನನ್ನು ಹೆತ್ತು ಆಕೆಯ ಸತ್ವವೆಲ್ಲ ಸೋರಿಹೋಯಿತು. ಬದುಕಿನಲ್ಲಿ ಬೇಸತ್ತು ಪ್ರಾಣವನ್ನು ಬಿಟ್ಟಳು. ಎಲ್ಫರಲ್ಲಿ ಸತ್ತವರು ಮರಳಿ ಬರಬಹುದು, ಆಕೆಯು ಒಲ್ಲೆನೆಂದಳು. ಪತಿಯು ಎಷ್ಟು ಬೇಡಿದರೂ ಒಪ್ಪಲಿಲ್ಲ. ಕಡೆಗೆ ಫಿನ್ವೆಯು ದೇವತೆಗಳ ಅಪ್ಪಣೆಯನ್ನು ಪಡೆದು, ವನ್ಯಾರ್ ಕುಲದ ಇಂದಿಸಳನ್ನು ಮದುವೆಯಾದನು.

ಅಷ್ಟರಲ್ಲಿ ನೋಲ್ಡೋರರ ಬಾಯಲ್ಲಿ ಆ ಥಕಾರವು ಸಕಾರವಾಗುತ್ತ ಬಂದಿತ್ತು. ಇದು ಭಾಷೆಗಳಲ್ಲಿ ನಡೆಯತಕ್ಕ ಸಂಗತಿಯೇ. ನಮ್ಮಲ್ಲಿ ಬಾೞೆಯು ಬಾಳೆಯಾಯಿತು, ಏೞು ಏಳಾಯಿತು. ಶಬ್ದಮಣಿದರ್ಪಣದ ಕೇಶಿರಾಜನು ಹದಿಮೂರನೆಯ ಶತಮಾನದಲ್ಲಿ ೞಕಾರದ ವಿಷಯವಾಗಿ ನಿಯಮಗಳನ್ನು ಹೇಳಿದರೂ ಅದು ಉಳಿಯಲಿಲ್ಲ. ಆದರೆ ಇಲ್ಲಿ ಮಾರ್ಪಾಟು ತಾಯಿಯ ಹೆಸರನ್ನೇ ಮುಟ್ಟಿತು. ಥೆರಿಂದೆಯು ಸೆರಿಂದೆಯಾದಳು. ತನ್ನ ಹೆಸರನ್ನು ಹಳೆಯ ರೀತಿಯಲ್ಲಿಯೇ ಉಚ್ಚರಿಸಬೇಕೆಂಬುದು ಆಕೆಯ ಬಯಕೆಯಾಗಿತ್ತು. ಆಕೆಯು ಬದುಕಿದ್ದಷ್ಟು ಕಾಲ ಫಿನ್ವೆಯು ಹಾಗೆಯೇ ನುಡಿದನು. ಆಕೆಯು ಮರಳಲು ನಿರಾಕರಿಸಿದ ಮೇಲೆ ತನ್ನ ಜನರಂತೆ ಸಕಾರವನ್ನು ಹಿಡಿದನು. ಇಂದಿಸಳ ತವರಿನಲ್ಲಿ ಥಕಾರವು ಇನ್ನೂ ಉಳಿದಿತ್ತು. ಆದರೂ ತಾನು ಸೇರಿದ ಮನೆಯವರ ಮಾತೇ ತನ್ನ ಮಾತಾಗಬೇಕೆಂದು ಆಕೆಯು ಅದನ್ನು ಬಿಟ್ಟಳು. ಸೊಸೆಯಾಗಿ ಬಂದವಳು ಇದಕ್ಕಿಂತ ಹೆಚ್ಚಾಗಿ ಏನು ಮಾಡಬೇಕು? ಫೆಯಾನೋರನಿಗಾದರೋ ಅದು ತನ್ನ ತಾಯಿಗೆ ಮಲತಾಯಿಯು ಮಾಡಿದ ಅವಮಾನವಾಗಿ ತೋರಿತು.

ಟೋಲ್ಕೀನರು ತಮ್ಮ ಕೊನೆಯ ವರ್ಷಗಳಲ್ಲಿ ಬರೆದು, 1996 ರಲ್ಲಿ ಮಾತ್ರ ಅಚ್ಚಾದ ಒಂದು ಪ್ರಬಂಧದಲ್ಲಿ ಈ ವೃತ್ತಾಂತವೆಲ್ಲ ಇದೆ. ಶಾಸ್ತ್ರದ ದೃಷ್ಟಿಯಿಂದ ಫೆಯಾನೋರನ ಪಕ್ಷವೇ ಸರಿ ಎಂದು ಅಲ್ಲಿ ಸ್ಪಷ್ಟವಾಗಿ ಹೇಳಿದೆ. ಎರಡು ಧ್ವನಿಗಳು ಒಂದಾದರೆ ಬೇರೆಬೇರೆ ಶಬ್ದಗಳು ಕಲಸಿಹೋಗುತ್ತವೆ. ಉಳಿದ ಭಾಷಾಪಂಡಿತರೂ ಕೆಲವರು ಬಹಿರಂಗವಾಗಿ, ಕೆಲವರು ಗುಟ್ಟಾಗಿ ಆತನೊಂದಿಗೆ ಸಮ್ಮತಿಸಿದ್ದರು. ಶಾಂತಿಯಿದ್ದಿದ್ದರೆ ಆ ಪಕ್ಷವೇ ಗೆಲ್ಲುತ್ತಿತ್ತು. ಆದರೆ ಆತನು ಇದನ್ನು ಸ್ವಂತದ ಸಂಗತಿಯನ್ನಾಗಿ ಮಾಡಿದನು. ಥಕಾರವನ್ನು ನುಡಿಯುವವನು ತನ್ನವನು, ನುಡಿಯದವನು ಶತ್ರು ಎಂದು ಎಣಿಸಿದನು. ಏಳು ಗಂಡುಮಕ್ಕಳಿಗೂ ಹಾಗೆಯೇ ಕಲಿಸಿದನು. ವ್ಯಾಕರಣದ ಪ್ರಶ್ನೆಯು ದಾಯಾದಿಗಳ ಪ್ರಶ್ನೆಯಾಯಿತು.

ಮುಂದಿನದು ಎಲ್ಲರಿಗೂ ತಿಳಿದ ಕಥೆ, ಬೇಗನೆ ಹೇಳಿಬಿಡುತ್ತೇನೆ. ಮಲತಮ್ಮನಾದ ಫಿಂಗೋಲ್ಫಿನನ ಎದೆಗೆ ಕತ್ತಿಯನ್ನು ಹಿಡಿದು ಈತನು ಹನ್ನೆರಡು ವರ್ಷ ಊರಿನಿಂದ ಹೊರಗಾದನು. ಮಾರ್ಗೋತನೆಂಬ ದುಷ್ಟನು ತಂದೆಯನ್ನು ಕೊಂದು, ಈತನು ಮಾಡಿದ ಮೂರು ಸಿಲ್ಮರಿಲ್ ರತ್ನಗಳನ್ನು ಕದ್ದೊಯ್ದನು. ಅವನ್ನು ಮರಳಿ ಪಡೆಯುವೆನೆಂದು ಘೋರವಾದ ಶಪಥವನ್ನು ಮಾಡಿ, ಹಡಗುಗಳಿಗಾಗಿ ನೆಂಟರ ಕುಲದವರನ್ನೇ ಕೊಂದು, ಕಡೆಗೆ ಯುದ್ಧದಲ್ಲಿ ಗಾಯಗೊಂಡು ಸತ್ತನು. ಇಷ್ಟಾದ ಮೇಲೆ ಆತನ ಥಕಾರವನ್ನು ಯಾರು ಆಡಿಯಾರು? ಅದನ್ನು ನುಡಿದವನು ಆ ರಕ್ತಪಾತದಲ್ಲಿ ಪಾಲುಗಾರನಂತೆ ಕಂಡನು. ಹೀಗೆ ಭಾಷೆಯು ಒಂದು ಧ್ವನಿಯನ್ನು ಕಳೆದುಕೊಂಡಿತು, ಮೀರಿಯೆಲಳ ಹೆಸರೂ ಸೆರಿಂದೆಯಾಗಿಯೇ ನಿಂತಿತು. ನನಗೆ ಈ ಕಥೆಯಲ್ಲಿ ಮರುಕವುಂಟಾಗುವುದು ಆಕೆಯ ಮೇಲೆಯೇ. ಆಕೆಯ ಹೆಸರಿಗೆ ಎಲ್ಲರಿಗಿಂತ ಹೆಚ್ಚು ಕೇಡನ್ನು ತಂದವನು ಅದಕ್ಕಾಗಿ ಹೋರಾಡಿದ ಮಗನು.

ಲಿಪಿಯ ಗತಿಯು ಬೇರೆಯಾಯಿತು. ಆತನನ್ನು ದ್ವೇಷಿಸಿದವರೂ ಅದನ್ನು ಬಿಡಲಿಲ್ಲ. ಸಾವಿರಾರು ವರ್ಷಗಳ ಮೇಲೆ ಮೋರಿಯಾದ ಬಾಗಿಲಿನ ಮೇಲೆ ಆತನ ಮೊಮ್ಮಗನಾದ ಕೆಲೆಬ್ರಿಂಬೋರನು ಬರೆದುದು ಆ ಅಕ್ಷರಗಳಲ್ಲಿ. ಲೋಕಕಂಟಕನಾದ ಸೌರಾನನು ತನ್ನ ಉಂಗುರದಲ್ಲಿ ಕೊರೆದ ವಾಕ್ಯವೂ, ಭಾಷೆ ಬೇರೆಯಾದರೂ, ಅದೇ ಅಕ್ಷರಗಳಲ್ಲಿ. ಆ 24 ರಲ್ಲಿ ಹಳೆಯ ಥಕಾರಕ್ಕೆಂದು ಆತನು ಇಟ್ಟ ಅಕ್ಷರವೂ ಇದೆ. ಅದರ ಹೆಸರಿಗೆ ಪ್ರಾಣವೆಂದು ಅರ್ಥ. ನೋಲ್ಡೋರರು ಆ ಹೆಸರನ್ನೂ ಸಕಾರದಿಂದಲೇ ಉಚ್ಚರಿಸುತ್ತಿದ್ದರು.