ಊರು ಬಲ್ಲ ಹೆಸರು, ಕಾರ್ಡು ಬಲ್ಲ ಹೆಸರು

ಬಾದನಹಟ್ಟಿಯಲ್ಲಿ ಬಳ್ಳಾರಿಯ ಬಸ್ಸನ್ನೇರಿದ ಅತ್ತೆ-ಸೊಸೆಯರಿಬ್ಬರನ್ನು ವಾಚಕರು ಕಲ್ಪಿಸಿಕೊಳ್ಳಬೇಕು. ಒಂದೇ ಮನೆಯವರು, ಒಂದೇ ಒಲೆಯ ಅನ್ನ ಉಣ್ಣುವವರು, ಒಂದೇ ಹೊಲದ ಮೆಣಸಿನಕಾಯಿ ಬಿಡಿಸುವವರು. ನಿರ್ವಾಹಕನು ಅತ್ತೆ ಮುಂದೊಡ್ಡಿದ ಆಧಾರ್ ಕಾರ್ಡನ್ನು ನೋಡಿ ಶೂನ್ಯ ದರದ ಟಿಕೀಟನ್ನು ಕೊಡುತ್ತಾನೆ. ಸೊಸೆಯ ಕಾರ್ಡನ್ನು ಮಾತ್ರ ಎರಡು ಸಲ ಹೊರಳಿಸಿ, “ಇದು ಆದೋನಿ ವಿಳಾಸ ಐತಲ್ಲಮ್ಮಾ, ಟಿಕೀಟು ತಗೋಬೇಕು” ಎನ್ನುತ್ತಾನೆ. ಅತ್ತೆಗೆ ರೇಗುತ್ತದೆ. “ನಮ್ ಸೊಸಿ ಅದಾಳಪ್ಪಾ! ಮದುವಿಯಾಗಿ ಮೂರು ವರ್ಷಾತು, ಊರಿಗೆಲ್ಲಾ ಗೊತ್ತೈತಿ.” ಊರಿಗೆ ಗೊತ್ತಿರುವುದು ನಿಜ. ಆ ದಾರಿಯಲ್ಲಿ ದಿನವೂ ಓಡಾಡುವ ನಿರ್ವಾಹಕನಿಗೂ ಗೊತ್ತು. ಆದರೆ ಆತನಿಗೆ ಗೊತ್ತಿದ್ದು ಪ್ರಯೋಜನವಿಲ್ಲ, ಕಾರ್ಡಿಗೆ ಗೊತ್ತಿರಬೇಕು.

ನಿರ್ವಾಹಕನ ಮೇಲೆ ಮುನಿಯುವುದು ನ್ಯಾಯವಲ್ಲ. ೨೦೨೩ರ ಜೂನ್ ೧೧ರಂದು ಆರಂಭವಾದ ‘ಶಕ್ತಿ’ ಯೋಜನೆಯಂತೆ ಸಾರಿಗೆ ಸಂಸ್ಥೆಗಳ ಸಾಮಾನ್ಯ ಬಸ್ಸುಗಳಲ್ಲಿ ಹೆಂಗಸರಿಗೆ ಪ್ರಯಾಣ ಉಚಿತ. ಆದರೆ ಅವರು ಕರ್ನಾಟಕದ ನಿವಾಸಿಗಳೆಂಬುದನ್ನು ಸರ್ಕಾರ ಕೊಟ್ಟ ಗುರುತಿನ ಚೀಟಿಯೊಂದು ಹೇಳಬೇಕು. ಮೈಸೂರಿನಲ್ಲಿಯೋ ಹಾಸನದಲ್ಲಿಯೋ ಈ ನಿಯಮ ಯಾರ ಕಾಲಿಗೂ ಅಷ್ಟಾಗಿ ತೊಡರುವುದಿಲ್ಲ. ಬಳ್ಳಾರಿ ಸೀಮೆಯಲ್ಲಿ ತೊಡರುತ್ತದೆ. ಕುರುಗೋಡು, ಸಿರುಗುಪ್ಪ, ಬಳ್ಳಾರಿಗಳ ಬೀಗತನವು ಆದೋನಿ, ಆಲೂರು, ರಾಯದುರ್ಗಗಳವರೆಗೂ ಹಬ್ಬಿಕೊಂಡಿರುವುದು ಇಂದು ನಿನ್ನೆಯದಲ್ಲ. ಮದರಾಸು ರಾಜ್ಯದ ಕಾಲದಲ್ಲಿ ಅವೆಲ್ಲವೂ ಒಂದೇ ಜಿಲ್ಲೆಯಲ್ಲಿದ್ದವು. ೧೯೫೩ರ ಅಕ್ಟೋಬರ್ ೧ರಂದು ಆಂಧ್ರ ರಾಜ್ಯ ಹುಟ್ಟಿದಾಗ ಆ ಮೂರು ತಾಲ್ಲೂಕುಗಳು ಅತ್ತ ಹೋದವು. ಬಳ್ಳಾರಿ, ಸಿರುಗುಪ್ಪ ಮೊದಲಾದವು ಮೈಸೂರಿಗೆ ಬಂದವು. ಗಡಿ ಎಳೆದವರು ಭೂಪಟದ ಮೇಲೆ ಎಳೆದರು. ಹೆಣ್ಣು ಕೊಟ್ಟು ತರುವವರು ಅದನ್ನು ನೋಡಿ ಸಂಬಂಧ ಬೆಳೆಸಿದವರಲ್ಲ. ಎಪ್ಪತ್ತು ವರ್ಷಗಳ ತರುವಾಯ ಆ ಗೆರೆಯು ಬಸ್ಸಿನೊಳಗೆ ಅತ್ತೆ-ಸೊಸೆಯರ ನಡುವೆ ಬಂದು ಕುಳಿತಿತು.

ಗುರುತಿನ ಚೀಟಿಗಾಗಿ ಅಲೆಯುವ ಪಾಡು ನಮ್ಮ ದೇಶಕ್ಕೇ ಮೀಸಲಾದುದೇನೂ ಅಲ್ಲ. ಅಮೆರಿಕ ಸಂಯುಕ್ತ ಸಂಸ್ಥಾನದಲ್ಲಿ ಎಲ್ಲರಿಗೂ ಅನ್ವಯಿಸುವ ರಾಷ್ಟ್ರೀಯ ಚೀಟಿ ಇಲ್ಲ. ಮೋಟಾರು ನಡೆಸುವ ಪರವಾನಗಿಯೇ ಅಲ್ಲಿ ಗುರುತು. ಮೋಟಾರು ನಡೆಸದವರು, ಎಂದರೆ ಬಹುಮಟ್ಟಿಗೆ ಮುದುಕರು, ಬಡವರು, ಎಳೆಯರು, ಅದೇ ಇಲಾಖೆಗೆ ಹೋಗಿ ‘ಈತ ವಾಹನ ನಡೆಸುವವನಲ್ಲ’ ಎಂಬ ಬೇರೊಂದು ಚೀಟಿಯನ್ನು ಪಡೆಯಬೇಕು. ತಮಾಷೆಯಾಗಿ ಕಾಣಬಹುದು. ಬಾದನಹಟ್ಟಿಯ ಸೊಸೆಯ ಸ್ಥಿತಿಯಾದರೂ ಇನ್ನೇನು? ಬಸ್ಸು ನಡೆಸುವವನಿಗೆ ಪರವಾನಗಿ ಬೇಕೆಂಬುದು ಹಳೆಯ ಮಾತು. ಈಗ ಹಿಂದಿನ ಆಸನದಲ್ಲಿ ಸುಮ್ಮನೆ ಕುಳಿತುಕೊಳ್ಳುವವಳಿಗೂ ಕಾಗದ ಬೇಕು.

ಆ ಕಾಗದದ ಮೊದಲನೆಯ ಸಾಲೇ ಹೆಸರು. ತೊಡಕು ಹುಟ್ಟುವುದೂ ಅಲ್ಲಿಯೇ.

ಈ ಸೀಮೆಯ ಹೆಸರುಗಳಿಗೆ ಒಂದು ಸೊಗಸಿದೆ. ಕುರುಗೋಡಿನ ದೊಡ್ಡಬಸವೇಶ್ವರನ ಒಕ್ಕಲಾದವರು ದೊಡ್ಡಬಸಪ್ಪ, ದೊಡ್ಡಬಸಮ್ಮ. ಹುಲಿಗಿಯ ದೇವಿಗೆ ಹರಕೆ ಹೊತ್ತು ಪಡೆದ ಮಕ್ಕಳು ಹುಲಿಗೆಮ್ಮ, ಹುಲುಗಪ್ಪ. ಹಂಪೆಯ ಸ್ವಾಮಿಯಿಂದ ಪಂಪಾಪತಿ, ಪಂಪಮ್ಮ. ಬಳ್ಳಾರಿಯ ಕನಕದುರ್ಗಮ್ಮನಿಂದ ದುರ್ಗಮ್ಮ, ದುರುಗಪ್ಪ. ಚೆಳ್ಳಗುರ್ಕಿಯ ಎರ್ರಿತಾತನಿಂದ ಎರ್ರಿಸ್ವಾಮಿ. ಹೆಸರನ್ನು ಕೇಳಿದೊಡನೆಯೇ ಈತ ಯಾವ ಸೀಮೆಯವನು, ಯಾವ ಜಾತ್ರೆಗೆ ಎತ್ತು ಹೂಡುವವನು ಎಂದು ತಿಳಿಯುತ್ತಿತ್ತು. ಹೆಸರೇ ಗುರುತಿನ ಚೀಟಿಯಾಗಿತ್ತು ಎಂದರೂ ಸಲ್ಲುತ್ತದೆ.

ಬಾಯಿಯ ಮೇಲೆ ಬದುಕುವ ಹೆಸರಿಗೆ ಒಂದೇ ಕಾಗುಣಿತ ಎಂಬ ನಿಯಮವಿಲ್ಲ. ಹುಲಿಗೆಮ್ಮ, ಹುಲಿಗಮ್ಮ, ಹುಲುಗಮ್ಮ: ಕರೆದರೆ ಒಬ್ಬಳೇ ಓಗೊಡುತ್ತಾಳೆ. ಪಡಿತರ ಚೀಟಿ ಬರೆದವನು ಒಂದು ಬಗೆಯಲ್ಲಿ ಬರೆದ, ಮತದಾರರ ಪಟ್ಟಿಯವನು ಇನ್ನೊಂದು ಬಗೆಯಲ್ಲಿ, ಬ್ಯಾಂಕಿನವನು ಇಂಗ್ಲಿಷಿನಲ್ಲಿ ಮತ್ತೊಂದು ಬಗೆಯಲ್ಲಿ. ಎರ್ರಿಸ್ವಾಮಿಯ ಪಾಡಂತೂ ಹೇಳತೀರದು. ಒಂದು ಕಚೇರಿಯಲ್ಲಿ ಅವನು ‘ಇ’ ಅಕ್ಷರದವನು, ಇನ್ನೊಂದರಲ್ಲಿ ‘ವೈ’ ಅಕ್ಷರದವನು. ಮನುಷ್ಯ ನೋಡಿದರೆ ಅವನು ಒಬ್ಬನೇ. ಯಂತ್ರ ನೋಡಿದರೆ ಇಬ್ಬರು. ಇಬ್ಬರಲ್ಲಿ ಯಾರಿಗೂ ಹಣ ಸಂದಾಯವಾಗುವುದಿಲ್ಲ.

ಜನ್ಮದಿನದ ವಿಚಾರವೂ ಹೀಗೆಯೇ. ಕರ್ನಾಟಕದ ಹಳ್ಳಿಗಳಲ್ಲಿ ಜೂನ್ ೧ರಂದು ಹುಟ್ಟಿದವರ ಸಂಖ್ಯೆ ಅಪಾರ. ಶಾಲೆ ಆರಂಭವಾಗುವ ದಿನ ಮೇಷ್ಟರು ಹುಡುಗನ ಎತ್ತರ ನೋಡಿ ದಾಖಲೆ ಪುಸ್ತಕದಲ್ಲಿ ಬರೆದ ತಾರೀಖು ಅದು. ಶಾಲೆಯ ಮೆಟ್ಟಿಲನ್ನೇ ಹತ್ತದ ಅಜ್ಜಿಯರು ‘ಬರಗಾಲದ ಮಾರನೆಯ ವರ್ಷ’ ಎಂದು ವಯಸ್ಸನ್ನು ಅಂದಾಜಿನಲ್ಲಿ ಹೇಳಿದರೆ, ಗಣಕಯಂತ್ರವು ಜನವರಿ ೧ ಎಂದು ಹಾಕಿಕೊಂಡು ಮುಂದೆ ಸಾಗಿತು. ಹೊಸ ವರ್ಷದ ದಿನ ಊರಿಗೆ ಊರೇ ಹುಟ್ಟುಹಬ್ಬ ಆಚರಿಸಬಹುದು. ಆದರೆ ಅಂದಾಜಿನಲ್ಲಿ ಐದು ವರ್ಷ ಕಡಿಮೆ ಬಿದ್ದಿತೆಂದರೆ ವೃದ್ಧಾಪ್ಯ ವೇತನವೂ ಐದು ವರ್ಷ ಮುಂದಕ್ಕೆ ಹೋಗುತ್ತದೆಯಲ್ಲ, ಅದು ನಗುವ ಮಾತಲ್ಲ.

ಇಷ್ಟನ್ನು ಓದಿದವರು, ಕಾಗದವಿಲ್ಲದ ಕಾಲವೇ ಲೇಸಾಗಿತ್ತು, ಊರು ಬಲ್ಲವರಿಗೆ ಕಾರ್ಡೇಕೆ ಎಂದುಕೊಳ್ಳಬಹುದು. ಆತುರ ಬೇಡ. ಊರು ಬಲ್ಲದ್ದು ಯಾರನ್ನು? ಸ್ವತಂತ್ರ ಭಾರತದ ಮೊದಲನೆಯ ಮಹಾಚುನಾವಣೆಗೆ, ಎಂದರೆ ೧೯೫೧-೫೨ರ ಚುನಾವಣೆಗೆ, ಮತದಾರರ ಪಟ್ಟಿಯನ್ನು ಸಿದ್ಧಪಡಿಸಿದಾಗ ಲಕ್ಷಾಂತರ ಹೆಂಗಸರು ತಮ್ಮ ಹೆಸರನ್ನೇ ಹೇಳಲಿಲ್ಲ. ‘ಇಂಥವರ ಹೆಂಡತಿ’, ‘ಇಂಥವರ ತಾಯಿ’ ಎಂದಷ್ಟೇ ಬರೆಯಿಸಿದರು. ಮುಖ್ಯ ಚುನಾವಣಾ ಆಯುಕ್ತರಾಗಿದ್ದ ಸುಕುಮಾರ ಸೇನರು ಇದಕ್ಕೆ ಮಣಿಯಲಿಲ್ಲ. ಮತ ಕೊಡುವವಳಿಗೆ ಸ್ವಂತ ಹೆಸರು ಇರಲೇಬೇಕೆಂದರು. ಸುಮಾರು ೮ ಕೋಟಿ ಸ್ತ್ರೀ ಮತದಾರರಲ್ಲಿ ೨೮ ಲಕ್ಷದಷ್ಟು ಮಂದಿಯ ಹೆಸರು, ಹೆಸರಿಲ್ಲದ್ದರಿಂದಲೇ, ಪಟ್ಟಿಯಿಂದ ಬಿದ್ದುಹೋಯಿತು. ಇವರಲ್ಲಿ ಬಹುಭಾಗ ಉತ್ತರ ಭಾರತದ ಪ್ರಾಂತಗಳವರು. ಆದರೂ ಗಂಡನ ಹೆಸರು ಹೇಳದ, ತನ್ನ ಹೆಸರನ್ನು ಯಾರೂ ಕೇಳದ ಹೆಂಗಸು ನಮ್ಮ ಹಳ್ಳಿಗಳಿಗೆ ಅಪರಿಚಿತಳೇ? ಸೊಸೆಯಾಗಿ ಬಂದವಳು ‘ಆದೋನಿಯಾಕೆ’. ಮಗುವಾದ ಮೇಲೆ ಆ ಮಗುವಿನ ತಾಯಿ. ಊರು ಅವಳನ್ನು ಚೆನ್ನಾಗಿ ಬಲ್ಲುದು, ಹೆಸರೊಂದನ್ನು ಬಿಟ್ಟು.

ಮುಖದ ಸಂಗತಿಯೂ ಅದೇ. ೧೯೬೦ರಲ್ಲಿ ಕಲ್ಕತ್ತೆಯ ನೈರುತ್ಯ ಲೋಕಸಭಾ ಕ್ಷೇತ್ರದಲ್ಲಿ ಮತದಾರರಿಗೆ ಭಾವಚಿತ್ರವಿರುವ ಚೀಟಿ ಕೊಡುವ ಪ್ರಯೋಗ ನಡೆದಾಗ ಬಹುಮಂದಿ ಹೆಂಗಸರು ಛಾಯಾಗ್ರಾಹಕನ ಮುಂದೆ ಬರಲು ಒಪ್ಪಲೇ ಇಲ್ಲ, ಪ್ರಯೋಗವನ್ನು ಕೈಬಿಡಬೇಕಾಯಿತು.  ೧೯೬೨ರ ಚುನಾವಣೆಯಿಂದ ಮೈಸೂರಿನ ಬಣ್ಣದ ಕಾರ್ಖಾನೆಯ ಅಳಿಸಲಾಗದ ಶಾಯಿ ಮತದಾರರ ಬೆರಳಿಗೇರಿತು. ಭಾವಚಿತ್ರದ ಚೀಟಿ ದೇಶಕ್ಕೆಲ್ಲ ಬಂದದ್ದು ಟಿ. ಎನ್. ಶೇಷನ್ ಅವರ ಪಟ್ಟಿನಿಂದ, ೧೯೯೩ರ ಆದೇಶದ ಬಳಿಕ. ಗಂಡನ ಹೆಸರಿನ ಮರೆಯಲ್ಲಿ ಬಾಳಿದ ಎಷ್ಟೋ ಮುದುಕಿಯರು ತಮ್ಮ ಮುಖವನ್ನೂ ತಮ್ಮ ಹೆಸರನ್ನೂ ಒಂದೇ ಕಾಗದದಲ್ಲಿ ಮೊದಲಬಾರಿ ಕಂಡದ್ದು ಆ ಚೀಟಿಯಲ್ಲಿ. ಚಿತ್ರ ಮಸಿಮಸಿಯಾಗಿತ್ತೆಂಬುದು ಬೇರೆ ಮಾತು.

ಅನಂತರ ಬಂದದ್ದು ಆಧಾರ್. ೨೦೦೯ರಲ್ಲಿ ಪ್ರಾಧಿಕಾರ ಸ್ಥಾಪನೆಯಾಯಿತು. ೨೦೧೦ರ ಸೆಪ್ಟೆಂಬರ್ ೨೯ರಂದು ಮಹಾರಾಷ್ಟ್ರದ ನಂದುರಬಾರ್ ಜಿಲ್ಲೆಯ ತೆಂಭಲಿ ಎಂಬ ಆದಿವಾಸಿ ಹಳ್ಳಿಯಲ್ಲಿ ಮೊದಲ ಸಂಖ್ಯೆಯನ್ನು ಕೊಟ್ಟರು. ಹನ್ನೆರಡು ಅಂಕಿ, ಹತ್ತು ಬೆರಳು, ಎರಡು ಕಣ್ಣು. ಇದನ್ನು ಪ್ರಶ್ನಿಸಿ ೨೦೧೨ರಲ್ಲಿ ಸರ್ವೋಚ್ಚ ನ್ಯಾಯಾಲಯದ ಮೆಟ್ಟಿಲೇರಿದವರು ಕರ್ನಾಟಕ ಉಚ್ಚ ನ್ಯಾಯಾಲಯದ ನಿವೃತ್ತ ನ್ಯಾಯಮೂರ್ತಿ ಕೆ. ಎಸ್. ಪುಟ್ಟಸ್ವಾಮಿಯವರು. ಆಗ ಅವರಿಗೆ ಎಂಬತ್ತು ದಾಟಿತ್ತು. ಅವರ ಹೆಸರಿನ ಮೊಕದ್ದಮೆಯಿಂದಲೇ ೨೦೧೭ರಲ್ಲಿ ಖಾಸಗಿತನವು ಮೂಲಭೂತ ಹಕ್ಕೆಂಬ ತೀರ್ಪು ಬಂದಿತು. ೨೦೧೮ರ ಸೆಪ್ಟೆಂಬರ್ ೨೬ರ ತೀರ್ಪು, ಸರ್ಕಾರದ ಸಹಾಯ ಸೌಲಭ್ಯಗಳಿಗೆ ಆಧಾರ್ ಕೇಳುವುದನ್ನು ಎತ್ತಿಹಿಡಿದು, ಖಾಸಗಿ ಸಂಸ್ಥೆಗಳು ಬೇಕೆಂದಂತೆ ಕೇಳುವುದಕ್ಕೆ ತಡೆ ಹಾಕಿತು. ಇನ್ನೂ ಸಂಖ್ಯೆ ದೊರೆಯದವರಿಗೆ ಬೇರೆ ಗುರುತಿನ ಮೇಲೆ ಸೌಲಭ್ಯ ಕೊಡಬೇಕೆಂದು ೨೦೧೬ರ ಕಾನೂನಿನ ಏಳನೆಯ ಪ್ರಕರಣವೇ ಹೇಳುತ್ತದೆ. ಈ ಮಾತು ಕಿಟಕಿಯ ಆಚೆ ಕುಳಿತವರಿಗೂ ತಿಳಿದಿದ್ದರೆ ಚೆನ್ನಾಗಿತ್ತು. ಕಾರ್ಡಿನಲ್ಲಿ ತಂದೆಯನ್ನೋ ಗಂಡನನ್ನೋ ಸಂಬಂಧಸಹಿತ ಅಚ್ಚು ಮಾಡುತ್ತಿದ್ದ ಪದ್ಧತಿಯೂ ಈಚೆಗೆ ಸಡಿಲಗೊಂಡು, ‘ಇಂಥವರ ಮೂಲಕ’ ಎಂಬ ವಿಳಾಸಮಾತ್ರದ ಒಕ್ಕಣೆ ಬಂದಿದೆ. ಹೆಸರಿಲ್ಲದೆ ಪಟ್ಟಿಯಿಂದ ಬಿದ್ದ ಆ ೨೮ ಲಕ್ಷ ಹೆಂಗಸರಿಂದ ಇಲ್ಲಿಯವರೆಗಿನ ದಾರಿ ಸಣ್ಣದಲ್ಲ.

ಆದುದರಿಂದ ಜಗಳವಿರುವುದು ಕಾರ್ಡಿನೊಡನೆ ಅಲ್ಲ. ಬರೆದವನು ತಪ್ಪು ಬರೆದರೆ ತಿದ್ದಿಸುವ ಹೊಣೆ ಯಾರದು ಎಂಬುದರಲ್ಲಿ. ಕಾಗುಣಿತ ತಪ್ಪಿದ್ದು ಮೇಜಿನ ಆಚೆಯವನ ಕೈಯಿಂದ. ಒಂದು ದಿನದ ಕೂಲಿ ಹೋಗುವುದು ಈಚೆಯವಳದು. ಒಮ್ಮೆ ಹೋದಾಗ ಸರ್ವರ್ ಇಲ್ಲ, ಇನ್ನೊಮ್ಮೆ ಟೋಕನ್ ಮುಗಿದಿದೆ, ಮತ್ತೊಮ್ಮೆ ತಂದ ಕಾಗದ ಸಾಲದು. ಮೆಣಸಿನಕಾಯಿ ಬಿಡಿಸುವ ಕಾಲದಲ್ಲಿ ಮೂರು ದಿನದ ಕೂಲಿಯನ್ನು ಒಂದು ಅಕ್ಷರಕ್ಕಾಗಿ ತೆರುವ ಮನೆ ಎಷ್ಟು? ಮೇಲಾಗಿ ಹೆಸರನ್ನು ಎರಡೇ ಸಲ ತಿದ್ದಬಹುದು, ಹುಟ್ಟಿದ ದಿನವನ್ನು ಒಂದೇ ಸಲ. ಹೊಸ ನೋಂದಣಿಗೆ ಶುಲ್ಕವಿಲ್ಲ, ತಿದ್ದುಪಡಿಗೆ ಉಂಟು. ಆದಕಾರಣ ನೋಂದಣಿಯ ಮೇಜಿನ ಮುಂದೆ ಕುಳಿತವರು, ಓದಲು ಬಾರದಿದ್ದರೆ ಓದು ಬಲ್ಲ ಮಗಳನ್ನೋ ಮೊಮ್ಮಗನನ್ನೋ ಪಕ್ಕದಲ್ಲಿ ಕೂರಿಸಿಕೊಂಡು, ಪರದೆಯ ಮೇಲೆ ಕನ್ನಡ ಇಂಗ್ಲಿಷು ಎರಡರಲ್ಲಿಯೂ ಹೆಸರು ಸರಿಯಾಗಿದೆಯೇ ಎಂದು ನೋಡಿಸಿಯೇ ಒಪ್ಪಿಗೆ ಕೊಡುವುದು ವಿವೇಕ. ಹಿಂದೆ ಎಷ್ಟೇ ಜನ ಗೊಣಗುತ್ತಿರಲಿ.

ಬಳ್ಳಾರಿಯ ಬಸ್ಸಿನಲ್ಲಿ ಅರ್ಧ ದಾರಿಯಲ್ಲಿ ಬಿಟ್ಟುಬಂದ ಆ ಇಬ್ಬರೂ ಹೊರಟಿರುವುದು ಇದೇ ಕೆಲಸಕ್ಕೆ. ಸೊಸೆಯ ಹೆಸರಿನಲ್ಲಿ ಬಾದನಹಟ್ಟಿಯ ಮನೆಯ ಯಾವ ಕಾಗದವೂ ಇಲ್ಲ; ಇರುವಂತೆಯೂ ಇಲ್ಲ. ಪಡಿತರ ಚೀಟಿಗೆ ಹೆಸರು ಸೇರಿಸಬೇಕೆಂದರೆ ಆಧಾರಿನಲ್ಲಿ ಈ ಊರಿನ ವಿಳಾಸ ಕೇಳಬಹುದು. ವಿಳಾಸ ಬದಲಿಸಬೇಕೆಂದರೆ ಪಡಿತರ ಚೀಟಿಯಲ್ಲಿ ಹೆಸರು ಕೇಳಬಹುದು. ಗಾಣದೆತ್ತಿನ ಸುತ್ತು. ಇದನ್ನು ಮುರಿಯುವುದಕ್ಕೆ ೨೦೨೩ರ ಜನವರಿಯಲ್ಲಿ ಪ್ರಾಧಿಕಾರವು ಒಂದು ದಾರಿ ತೆರೆಯಿತು: ಕುಟುಂಬದ ಮುಖ್ಯಸ್ಥರು ಒಪ್ಪಿದರೆ ಅವರ ವಿಳಾಸವನ್ನೇ ಮನೆಯ ಇತರರಿಗೂ ಹಾಕಿಕೊಡುವುದು. ಸಂಬಂಧ ತೋರಿಸುವ ಪಡಿತರ ಚೀಟಿಯೋ ವಿವಾಹದ ದಾಖಲೆಯೋ ಇಲ್ಲವಾದರೆ ಮುಖ್ಯಸ್ಥರ ಲಿಖಿತ ಹೇಳಿಕೆಯೇ ಸಾಕು. ಹದಿನೆಂಟು ತುಂಬಿದ ಯಾರಾದರೂ ಇಲ್ಲಿ ಮುಖ್ಯಸ್ಥರಾಗಬಹುದು, ಗಂಡಸೇ ಆಗಬೇಕೆಂದಿಲ್ಲ. ಮಗ ಕೆಲಸ ಬಿಟ್ಟು ಬರಲಾರನೆಂದು ಅತ್ತೆಯೇ ಹೊರಟಿದ್ದಾಳೆ.

ಸರದಿ ಬರುವ ಹೊತ್ತಿಗೆ ಮಧ್ಯಾಹ್ನ. ಮುಖ್ಯಸ್ಥಳ ಗುರುತು ಮೊದಲು ಖಚಿತವಾಗಬೇಕು. ಗಾಜಿನ ಮೇಲೆ ಹೆಬ್ಬೆರಳಿಟ್ಟರೆ ಯಂತ್ರ ಒಪ್ಪುವುದಿಲ್ಲ, ತೋರುಬೆರಳಿಟ್ಟರೂ ಇಲ್ಲ. ಹತ್ತಿ, ಮೆಣಸಿನಕಾಯಿ ಬಿಡಿಸಿ, ಭತ್ತದ ಗದ್ದೆಯಲ್ಲಿ ನಾಟಿ ಮಾಡಿ, ನಲವತ್ತು ವರ್ಷ ತೇದುಹೋದ ಬೆರಳುಗಳವು. ಗೆರೆ ಎಲ್ಲಿಂದ ಬರಬೇಕು?

“ಇನ್ನಾ ಸ್ವಲ್ಪ ಒತ್ತಿ ಹಿಡಿಯಮ್ಮಾ.”

“ಇನ್ನೆಷ್ಟು ಒತ್ಲಪ್ಪಾ? ಗಾಜು ಒಡದೀತು.”

ಆ ಹುಡುಗ ಕೊನೆಗೆ ಬೆರಳಿನ ಯಂತ್ರವನ್ನು ಬದಿಗೆ ಸರಿಸಿ, ಕಣ್ಣಿನ ಪಾಪೆಯನ್ನು ಓದುವ ಉಪಕರಣವನ್ನು ಮುಂದಿಡುತ್ತಾನೆ. ಹೀಗೊಂದು ಸಾಧನವಿದೆಯೆಂದು ಮೊದಲೇ ಕೇಳಿ ಪಡೆಯಬಹುದಿತ್ತು. ಕೇಳಬಹುದೆಂದು ಗೊತ್ತಿಲ್ಲದೆ ಹಿಂದಿರುಗಿದವರೂ ಇರಬೇಕು. ಅತ್ತೆ ಸೆರಗು ಸರಿಪಡಿಸಿಕೊಂಡು, ಉಸಿರು ಬಿಗಿಹಿಡಿದು, ಕಣ್ಣು ಅಗಲಿಸುತ್ತಾಳೆ. ಯಂತ್ರಕ್ಕೆ ಆಕೆಯ ಗುರುತು ಹತ್ತುತ್ತದೆ. ಇನ್ನು ಹೇಳಿಕೆಯ ಕಾಗದ.

“ಈಕಿ ನಿನಗೇನಾಗಬೇಕಮ್ಮಾ?”

“ನನ್ ಸೊಸಿ.”

“ಹೆಸರು ಹೇಳು.”

ಅತ್ತೆ ಒಂದು ಗಳಿಗೆ ಸುಮ್ಮನಾಗುತ್ತಾಳೆ. ಮೂರು ವರ್ಷದಿಂದ ಆಕೆ ಕರೆದದ್ದು ‘ಆದೋನಿಯಾಕಿ’ ಎಂದೇ. ಸೊಸೆಯ ಕಡೆಗೆ ತಿರುಗಿ ನೋಡಿ, ಆಕೆ ತುಟಿಯಲ್ಲೇ ಹೇಳಿಕೊಟ್ಟ ಹೆಸರನ್ನು ಅಕ್ಷರ ಅಕ್ಷರವಾಗಿ ಗಟ್ಟಿಯಾಗಿ ಹೇಳುತ್ತಾಳೆ. ಸೊಸೆ ಪರದೆಯ ಮೇಲೆ ಬಗ್ಗಿ, ಒತ್ತಕ್ಷರವೊಂದನ್ನು ತಿದ್ದಿಸುತ್ತಾಳೆ.

ಸ್ವೀಕೃತಿಯ ಚೀಟಿಯನ್ನು ನಾಲ್ಕು ಮಡಿಕೆ ಮಾಡಿ ಅತ್ತೆ ತನ್ನ ಎಲೆಯಡಿಕೆ ಸಂಚಿಯಲ್ಲಿ ಇಟ್ಟುಕೊಂಡಳು. ಹಿಂದಿರುಗುವ ಬಸ್ಸಿನಲ್ಲಿ ಸೊಸೆ ಮತ್ತೆ ಟಿಕೀಟು ಕೊಳ್ಳಬೇಕಾಯಿತು. ಹೊಸ ಕಾರ್ಡು ಅಂಚೆಯಲ್ಲಿ ಬರುವ ತನಕ ಆದೋನಿಯ ವಿಳಾಸವೇ ನಿಜ.