ಶ್ವಾಸನಾಳದ ಪಾಠವನ್ನು ಮಕ್ಕಳಿಗೆ ಮರಳಿ ಕೊಡಿ

ಪ್ರಥಮ ಪಿಯುಸಿ ಜೀವಶಾಸ್ತ್ರದ ಏಳನೆಯ ಅಧ್ಯಾಯ ಈಗ ಬೇಗ ಮುಗಿದುಹೋಗುತ್ತದೆ. ಕೋವಿಡ್ ನಂತರ ಮಕ್ಕಳ ಹೊರೆ ಇಳಿಸಬೇಕೆಂದು ಎನ್‌ಸಿಇಆರ್‌ಟಿ ಪಠ್ಯಪುಸ್ತಕಗಳಿಗೆ ಕತ್ತರಿ ಹಾಕಿದಾಗ ಆ ಅಧ್ಯಾಯದಿಂದ ಎರೆಹುಳು ಹೋಯಿತು, ಜಿರಳೆ ಹೋಯಿತು, ಅವುಗಳ ಜೊತೆ ಪ್ರಾಣಿ ಅಂಗಾಂಶಗಳ ಭಾಗ ಪೂರ್ತಿ ಹೋಯಿತು. ನಮ್ಮ ಪಿಯು ಕಾಲೇಜುಗಳಲ್ಲಿ ಓದಿಸುವುದೂ ಅದೇ ಪಠ್ಯವನ್ನೇ. ಎರೆಹುಳು, ಜಿರಳೆಗಳ ಬಗ್ಗೆ ನನ್ನ ತಕರಾರಿಲ್ಲ. ಅನುಲೇಪಕ ಅಂಗಾಂಶ ಹೋದದ್ದರ ಬಗ್ಗೆ ಇದೆ. ತಾಲ್ಲೂಕು ಕೇಂದ್ರದ ಸರ್ಕಾರಿ ಕಾಲೇಜೊಂದರಲ್ಲಿ ಹದಿನಾರು, ಹದಿನೇಳರ ಮಕ್ಕಳಿಗೆ ಪಾಠ ಮಾಡುವವಳಾಗಿ ಇದನ್ನು ಬರೆಯುತ್ತಿದ್ದೇನೆ.

ನಮ್ಮ ದೇಹದ ಹೊರಮೈಯನ್ನೂ ಒಳಗಿನ ಪ್ರತಿ ಕೊಳವೆ, ಪ್ರತಿ ಚೀಲವನ್ನೂ ಹೊದ್ದುಕೊಂಡಿರುವ ಜೀವಕೋಶಗಳ ಪದರವೇ ಅನುಲೇಪಕ ಅಂಗಾಂಶ. ಅಂಗದ ಕೆಲಸಕ್ಕೆ ತಕ್ಕ ಹಾಗೆ ಅದರ ರೂಪ ಬೇರೆ. ಅನ್ನನಾಳದಲ್ಲಿ ಚಪ್ಪಟೆ ಕೋಶಗಳು ಪದರದ ಮೇಲೆ ಪದರ ಕೂತಿವೆ; ಜೋಳದ ರೊಟ್ಟಿಯ ಒಣ ತುಣುಕು ಉಜ್ಜಿಕೊಂಡು ಇಳಿದರೂ ಸವೆಯುವುದು ಮೇಲಿನ ಪದರ ಮಾತ್ರ. ಮೂತ್ರಕೋಶದ ಒಳಪದರ ಚೀಲ ತುಂಬಿದಂತೆ ಹಿಗ್ಗಿ ತೆಳುವಾಗುತ್ತದೆ, ಖಾಲಿಯಾದಾಗ ಮತ್ತೆ ದಪ್ಪಗಾಗುತ್ತದೆ. ಸಣ್ಣ ಕರುಳಿನದು ಕೆಲವೇ ದಿನಗಳಲ್ಲಿ ಪೂರ್ತಿ ಹೊಸದಾಗಿಬಿಡುತ್ತದೆ.

ಶ್ವಾಸನಾಳದ ಸ್ಲೈಡನ್ನು ನಾನು ಯಾವಾಗಲೂ ಕೊನೆಗೆ ಇಡುತ್ತಿದ್ದೆ. ಕಡಿಮೆ ಪವರಿನಲ್ಲಿ ಅದು ಬರೀ ನೇರಳೆ ಬಣ್ಣದ ಒಂದು ಅಂಚು. ಲೆನ್ಸ್ ತಿರುಗಿಸಿ ಹೆಚ್ಚಿನ ಪವರಿಗೆ ತಂದು ಫೋಕಸ್ ಮಾಡಿದರೆ ಉದ್ದನೆಯ ಕೋಶಗಳು ಒತ್ತೊತ್ತಾಗಿ ನಿಂತದ್ದು ಕಾಣುತ್ತದೆ. ಅವುಗಳ ಕೋಶಕೇಂದ್ರಗಳು ಮೇಲೆ ಕೆಳಗೆ ಇರುವುದರಿಂದ ಹಲವು ಪದರಗಳಿದ್ದಂತೆ ತೋರುತ್ತದೆ, ಆದರೆ ಪ್ರತಿ ಕೋಶದ ಕಾಲೂ ಒಂದೇ ನೆಲದ ಮೇಲಿದೆ. ನಡುನಡುವೆ ಲೋಳೆ ಸುರಿಸುವ ಗಾಬ್ಲೆಟ್ ಕೋಶಗಳು. ‘ಮೇಡಂ, ಅಂಚಿಗೆ ಸಣ್ಣ ಸಣ್ಣ ಕೂದಲ ಅದಾವ್ರಿ’ ಎಂದು ಪ್ರತಿ ಬ್ಯಾಚಿನಲ್ಲೂ ಯಾರಾದರೂ ಒಬ್ಬರು ಕೂಗುತ್ತಿದ್ದರು. ಅವೇ ಸಿಲಿಯಾ. ಒಂದೊಂದು ಕೋಶದ ತಲೆಯ ಮೇಲೆ ಸುಮಾರು 200. ಉದ್ದ ಒಂದು ಮಿಲಿಮೀಟರಿನ ಸಾವಿರ ಭಾಗಗಳಲ್ಲಿ ಆರೇಳು ಭಾಗ. ಸೆಕೆಂಡಿಗೆ ಹತ್ತು ಹದಿನೈದು ಸಲ, ನಾವು ಮಲಗಿದ್ದಾಗಲೂ, ಒಂದೇ ದಿಕ್ಕಿಗೆ ಬಡಿಯುತ್ತ ದೂಳು, ರೋಗಾಣು ಅಂಟಿದ ಲೋಳೆಯನ್ನು ಗಂಟಲ ಕಡೆಗೆ ತಳ್ಳುತ್ತಿರುತ್ತವೆ. ಶ್ವಾಸನಾಳದ ಉದ್ದ ಹತ್ತು ಹನ್ನೆರಡು ಸೆಂಟಿಮೀಟರ್. ಅದರ ಬುಡದಲ್ಲಿ ಸಿಕ್ಕಿಬಿದ್ದ ದೂಳಿನ ಕಣ ಸುಮಾರು ಅರ್ಧ ಗಂಟೆಯಲ್ಲಿ ಗಂಟಲು ತಲುಪುತ್ತದೆ. ನಮಗೆ ಗೊತ್ತಿಲ್ಲದಂತೆ ಅದನ್ನು ನುಂಗಿಬಿಡುತ್ತೇವೆ. ಸಿಲಿಯಾಗಳಿಗೇ ಅಂಟಿಕೊಂಡು ಆ ಕೋಶಗಳನ್ನು ಕೊಲ್ಲುವ ರೋಗಾಣುವೂ ಉಂಟು. ನಾಯಿಕೆಮ್ಮು ವಾರಗಟ್ಟಲೆ ಮಗುವನ್ನು ಕಾಡುವುದಕ್ಕೆ ಅದೂ ಒಂದು ಕಾರಣ.

ಇಷ್ಟು ನೋಡಿದ ಮಕ್ಕಳಿಗೆ ಹೊಗೆಯ ಕಥೆ ಹೇಳುವುದು ಸುಲಭ. ಬೀಡಿ, ಸಿಗರೇಟಿನ ಹೊಗೆ ತಾಗಿದಾಗ ಮೊದಲು ಸಿಲಿಯಾಗಳ ಬಡಿತ ಕುಂದುತ್ತದೆ. ವರ್ಷಗಟ್ಟಲೆ ತಾಗುತ್ತಿದ್ದರೆ ಗಾಬ್ಲೆಟ್ ಕೋಶಗಳು ಹೆಚ್ಚುತ್ತವೆ, ಲೋಳೆ ಹೆಚ್ಚುತ್ತದೆ, ಅದನ್ನು ಸಾಗಿಸುವವು ಕಡಿಮೆಯಾಗುತ್ತವೆ. ಕೊನೆಗೆ ಅಲ್ಲಲ್ಲಿ ಸಿಲಿಯಾ ಇರುವ ಎತ್ತರದ ಕೋಶಗಳ ಜಾಗದಲ್ಲಿ ಚಪ್ಪಟೆ ಕೋಶಗಳು ಬಂದು ಕೂರುತ್ತವೆ. ಚಪ್ಪಟೆ ಕೋಶ ಹೊಗೆಯನ್ನು ತಾಳಿಕೊಳ್ಳಬಲ್ಲದು, ಆದರೆ ಲೋಳೆಯನ್ನು ಒಂದು ಕೂದಲೆಳೆಯಷ್ಟೂ ಮೇಲೆ ಸರಿಸಲಾರದು. ಆಗ ಕಫ ಹೊರಗೆ ಬರಲು ಕೆಮ್ಮೊಂದೇ ದಾರಿ. ಹಾಸಿಗೆಯಿಂದ ಎದ್ದ ಕೂಡಲೇ ಬೀಡಿ ಸೇದುವವರಿಗೆ ಬರುವ ಆ ಉದ್ದನೆಯ ಕೆಮ್ಮನ್ನು ನಮ್ಮ ಮಕ್ಕಳೆಲ್ಲ ಮನೆಯಲ್ಲೋ ಓಣಿಯಲ್ಲೋ ಕೇಳಿದವರೇ.

ಒಂದು ವರ್ಷ ಈ ಮಾತು ಮುಗಿದ ಮೇಲೆ ಹಿಂದಿನ ಬೆಂಚಿನ ಹುಡುಗನೊಬ್ಬ, ಎಲ್ಲರೂ ಹೊರಗೆ ಹೋಗುವುದನ್ನೇ ಕಾದಿದ್ದು, ‘ಬಿಟ್ರ ಅವು ಮತ್ತ ಬರ್ತಾವೇನ್ರಿ?’ ಎಂದು ಕೇಳಿದ. ಕೇಳಿದ್ದು ಅಪ್ಪನಿಗಾಗಿಯೋ ತನಗಾಗಿಯೋ ನಾನು ವಿಚಾರಿಸಲಿಲ್ಲ.

ಬರುತ್ತವೆ. ಈ ಉತ್ತರಕ್ಕಾಗಿಯೇ ನಾನು ಈ ಪಾಠವನ್ನು ಮರಳಿ ಕೇಳುತ್ತಿರುವುದು. ಅಮೆರಿಕದ ರೋಗಶಾಸ್ತ್ರಜ್ಞ ಆಸ್ಕರ್ ಆಯರ್‌ಬಾಕ್ ಮತ್ತು ಸಂಗಡಿಗರು ತೀರಿಕೊಂಡವರ ಶ್ವಾಸನಾಳಗಳ ಕವಲುಗಳನ್ನು ತೆಳುವಾಗಿ ಸೀಳಿ, ಒಂದೊಂದೇ ತುಣುಕನ್ನು ಸೂಕ್ಷ್ಮದರ್ಶಕದಡಿ ನೋಡಿದರು. ಸೇದುತ್ತಿದ್ದವರಲ್ಲಿ ಕಂಡಷ್ಟು ವಿಕಾರ ಕೋಶಗಳು ಬಿಟ್ಟವರಲ್ಲಿ ಇರಲಿಲ್ಲ ಎಂದು 1962ರಲ್ಲಿ ಪ್ರಕಟಿಸಿದರು. 2020ರಲ್ಲಿ ಬ್ರಿಟನ್ನಿನ ಪೀಟರ್ ಕ್ಯಾಂಪ್‌ಬೆಲ್, ಸ್ಯಾಮ್ ಜೇನ್ಸ್ ಮತ್ತವರ ತಂಡ 16 ಜನರ ಶ್ವಾಸನಾಳದ ಕೋಶಗಳ ಡಿಎನ್‌ಎಯನ್ನೇ ಓದಿ ‘ನೇಚರ್’ ಪತ್ರಿಕೆಯಲ್ಲಿ ಬರೆಯಿತು. ಸೇದುವುದನ್ನು ಬಿಟ್ಟ ಕೆಲವರಲ್ಲಿ ಶೇ 40ರವರೆಗಿನ ಕೋಶಗಳು ಎಂದೂ ಸೇದದವರ ಕೋಶಗಳ ಹಾಗೆಯೇ ಇದ್ದವು. ಹೊಗೆಯ ಹೊಡೆತದಿಂದ ಹೇಗೋ ತಪ್ಪಿಸಿಕೊಂಡ ಕೆಲವು ಕೋಶಗಳು, ಹೊಗೆ ನಿಂತ ಮೇಲೆ ಬೆಳೆದು ಹರಡಿ ಒಳಪದರವನ್ನು ಮತ್ತೆ ಕಟ್ಟುತ್ತವೆ ಎಂಬುದು ಅವರ ಊಹೆ. ಸೇದಿದ್ದರ ಅಪಾಯವೆಲ್ಲ ಇದರಿಂದ ಅಳಿಸಿಹೋಗುವುದಿಲ್ಲ. ಗಾಳಿಗೂಡುಗಳ ಗೋಡೆ ಒಮ್ಮೆ ಹರಿದರೆ ಹರಿದಂತೆಯೇ. ಆದರೆ ಒಳಪದರಕ್ಕೆ ಮರಳುವ ದಾರಿ ಇದೆ, ಎಷ್ಟು ಬೇಗ ಬಿಟ್ಟರೆ ಅಷ್ಟು ಸಲೀಸು.

ಈಗ ನಮ್ಮ ಮಕ್ಕಳಿಗೆ ಸಿಗುತ್ತಿರುವುದು ಏನು? ದ್ವಿತೀಯ ಪಿಯುಸಿಯಲ್ಲಿ ಧೂಮಪಾನದಿಂದ ಬರುವ ರೋಗಗಳ ಹೆಸರು: ಶ್ವಾಸಕೋಶದ ಕ್ಯಾನ್ಸರ್, ಮೂತ್ರಕೋಶದ ಕ್ಯಾನ್ಸರ್, ಬ್ರಾಂಕೈಟಿಸ್. ಎಳೆದ ಹೊಗೆಗೂ ಮೂತ್ರಕೋಶಕ್ಕೂ ಏನು ಸಂಬಂಧ ಎಂದು ಒಬ್ಬರೂ ಕೇಳುವುದಿಲ್ಲ, ಬಾಯಿಪಾಠ ಮಾಡಿ ಬರೆಯುತ್ತಾರೆ. ಹೊಗೆಯ ವಿಷ ರಕ್ತ ಸೇರಿ, ಮೂತ್ರಪಿಂಡದಲ್ಲಿ ಸೋಸಿ, ಗಂಟೆಗಟ್ಟಲೆ ಆ ಚೀಲದ ಒಳಪದರಕ್ಕೆ ತಾಗಿಕೊಂಡು ನಿಲ್ಲುತ್ತದೆ ಎಂದು ತಿಳಿಸಲು ಒಳಪದರ ಎಂಬುದೊಂದು ಇದೆಯೆಂದು ಮೊದಲು ಹೇಳಬೇಕಲ್ಲ. ಇನ್ನು ಸಿಗರೇಟ್ ಪ್ಯಾಕಿನ ಮೇಲೆ, 2016ರಿಂದ ಶೇ 85ರಷ್ಟು ಜಾಗದಲ್ಲಿ, ಎಚ್ಚರಿಕೆಯ ಚಿತ್ರ ಇರುತ್ತದೆ. ಇರಲೇಬೇಕು. ಆದರೆ ಆ ಗಡ್ಡೆ, ಆ ಹುಣ್ಣು ಐವತ್ತು ದಾಟಿದವರದು ಎಂದು ಹದಿನೇಳರ ಹುಡುಗ ಪ್ಯಾಕನ್ನು ಜೇಬಿಗಿಳಿಸುತ್ತಾನೆ. ಅವನಿಗೆ ಬಿಡಿ ಸಿಗರೇಟ್ ಮಾರುವವರಂತೂ ಪ್ಯಾಕನ್ನು ತೋರಿಸುವುದೇ ಇಲ್ಲ. ಶಾಲಾ ಕಾಲೇಜುಗಳ ನೂರು ಗಜದೊಳಗೆ ತಂಬಾಕು ಮಾರಬಾರದೆಂದು 2003ರ ಕಾಯ್ದೆ ಹೇಳುತ್ತದೆ. ನಮ್ಮ ಗೇಟಿನಿಂದ ನಡೆದು ನೋಡಿದವರಿಗೆ ಅದರ ಪಾಲನೆ ಎಷ್ಟೆಂದು ಗೊತ್ತು.

ಹೆಣ್ಣುಮಕ್ಕಳಿಗೂ ಈ ಪಾಠ ಅಷ್ಟೇ ಬೇಕು. ಉಜ್ವಲಾ ಯೋಜನೆ ಬಂದದ್ದು 2016ರಲ್ಲಿ, ಸಿಲಿಂಡರು ನನ್ನ ವಿದ್ಯಾರ್ಥಿನಿಯರ ಮನೆಗಳಲ್ಲಿದೆ. ಸ್ನಾನದ ನೀರು ಮಾತ್ರ ಇಂದಿಗೂ ಕಾಯುವುದು ಬಚ್ಚಲ ಹಂಡೆಯ ಕೆಳಗಿನ ಕಟ್ಟಿಗೆಯಲ್ಲಿ, ಹತ್ತಿಕಡ್ಡಿಯಲ್ಲಿ, ಒಮ್ಮೊಮ್ಮೆ ಉರಿ ಹಚ್ಚಲು ಪ್ಲಾಸ್ಟಿಕ್ ಚೀಲದಲ್ಲಿ. ಊದುಗೊಳವೆ ಹಿಡಿದು ಒಲೆಯ ಮುಂದೆ ಕೂರುವವಳು ಅಮ್ಮ, ಇಲ್ಲವೇ ಕಾಲೇಜಿಗೆ ಹೊರಡಬೇಕಾದ ಮಗಳು. ಹೊಗೆ ಹೊರಹೋಗಲು ಒಂದು ಚಿಮಣಿ ಹಾಕಿಸಿ ಎಂದು ಮನೆಯವರಿಗೆ ಹೇಳಲು ಆ ಹುಡುಗಿಗೆ ತನ್ನ ಶ್ವಾಸನಾಳದ ಪರಿಚಯ ಇರಬೇಡವೇ?

ಹೊರೆಯ ಮಾತು ಹೇಳುವವರಿಗೆ ನನ್ನ ಉತ್ತರ ಇಷ್ಟೇ. ಹಳೆಯ ಪಠ್ಯದಲ್ಲೂ ಸಿಲಿಯಾ ಬಗ್ಗೆ ಇದ್ದದ್ದು ಕೆಲವೇ ಸಾಲು, ಹೊಗೆಯ ಪ್ರಸ್ತಾಪವಂತೂ ಇರಲಿಲ್ಲ. ಆದರೆ ಆ ಸಾಲುಗಳಿದ್ದ ಕಾರಣಕ್ಕೆ ಸ್ಲೈಡಿನ ಪೆಟ್ಟಿಗೆ ಬೀರುವಿನಿಂದ ಹೊರಬರುತ್ತಿತ್ತು, ಉಳಿದದ್ದನ್ನು ನಾವು ಹೇಳುತ್ತಿದ್ದೆವು. ಪರೀಕ್ಷೆಗಿಲ್ಲದ್ದನ್ನು ಹೇಳಲು ಇಂದಿನ ವೇಳಾಪಟ್ಟಿಯಲ್ಲಿ ಯಾವ ಉಪನ್ಯಾಸಕರಿಗೂ ಬಿಡುವಿಲ್ಲ. ದೆಹಲಿಯ ಪುಸ್ತಕ ತಿದ್ದುವವರೆಗೆ ಕಾಯಬೇಕಿಲ್ಲ. ನಮ್ಮ ಇಲಾಖೆಯೇ ಎರಡು ಪುಟದ ಪೂರಕ ಪಾಠ ಅಚ್ಚು ಹಾಕಿಸಲಿ. ಪ್ರಯೋಗ ಪರೀಕ್ಷೆಯಲ್ಲಿ ಗುರುತಿಸಲು ಇಡುವ ಸ್ಲೈಡುಗಳ ಸಾಲಿಗೆ ಶ್ವಾಸನಾಳವನ್ನು ಸೇರಿಸಲಿ, ಅದಕ್ಕೊಂದು ಅಂಕ ಕೊಡಲಿ. ಸ್ಲೈಡುಗಳು ಹೆಚ್ಚಿನ ಹಳೆಯ ಕಾಲೇಜುಗಳ ಪ್ರಯೋಗಾಲಯದಲ್ಲಿ ಈಗಾಗಲೇ ಇವೆ. ಜೂನ್‌ನಲ್ಲಿ ತರಗತಿಗಳು ಶುರುವಾಗುವ ಮೊದಲು ಸುತ್ತೋಲೆ ಬಂದರೆ ಈ ವರ್ಷದ ಮಕ್ಕಳಿಗೇ ತೋರಿಸಬಹುದು.